ದನಿಗೊಂದು ಹೆಸರು

ನಮ್ಮ ಮಳಗಿಯ ಧರ್ಮಾ ಜಲಾಶಯದ ನೀರು ಕಾಲುವೆ ಹಿಡಿದು ಹಾನಗಲ್ಲ ಸೀಮೆಯ ಗದ್ದೆಗಳಿಗೆ ಹೋಗುತ್ತದೆ. ಹಾನಗಲ್ಲಿನ ಹೆಸರು ನಮ್ಮೂರಿಗೆ ಬಂದದ್ದು ಮಾತ್ರ ಗಾಳಿಯಲ್ಲಿ. ೧೯೫೦ರ ಜನವರಿ ೮ರಂದು ಧಾರವಾಡದ ಆಕಾಶವಾಣಿ ಶುರುವಾಯಿತು. ಆಮೇಲೆ ಮುಂಡಗೋಡ ಸುತ್ತಿನ ಹಳ್ಳಿಗಳಲ್ಲಿ ರೇಡಿಯೋ ಇದ್ದ ಒಂದೆರಡು ಮನೆಗಳ ಜಗುಲಿಯ ಮೇಲೆ ‘ಗಂಗೂಬಾಯಿ ಹಾನಗಲ್’ ಎಂಬ ಎರಡು ಮಾತು ಎಷ್ಟು ಸಲ ಬಿದ್ದಿದೆಯೋ ಲೆಕ್ಕವಿಟ್ಟವರಿಲ್ಲ. ಬೀಗರ ಮನೆಗೆ, ದವಾಖಾನೆಗೆ, ಬಟ್ಟೆ ತರಲಿಕ್ಕೆ ಎಂದು ಹೋಗಿಬರುವ ಪಕ್ಕದ ಊರಿನ ಹೆಸರು ಒಬ್ಬ ಹೆಣ್ಣುಮಗಳ ಹೆಸರಿಗೆ ಅಂಟಿಕೊಂಡು ಅಷ್ಟು ಗಂಭೀರವಾಗಿ ಕೇಳಿಬರುವುದು ನಮ್ಮ ಹೆಂಗಸರಿಗೆ ಒಂದು ಸೋಜಿಗವೇ ಆಗಿತ್ತು. ಯಾಕೆಂದರೆ ಆ ಹೆಸರಿನ ಮುಂದೆ ಇಂಥವರ ಹೆಂಡತಿ, ಹಿಂದೆ ಇಂಥವರ ಮಗಳು ಎಂದು ಏನೂ ಇರಲಿಲ್ಲ. ತನ್ನ ಹೆಸರು, ತನ್ನ ಊರು, ಅಷ್ಟೇ.

ಗಂಗೂಬಾಯಿಯವರ ಹಾಡಿಕೆಯ ಬಗ್ಗೆ ಬಲ್ಲವರು ಬೇಕಾದಷ್ಟು ಬರೆದಿದ್ದಾರೆ. ನನಗೆ ಕುತೂಹಲವಿರುವುದು ಆ ದನಿ ನಮ್ಮ ಮನೆಯೊಳಗೆ ಬಂದ ದಾರಿಯ ಬಗ್ಗೆ, ಮತ್ತು ಆ ದನಿಗೆ ಕಟ್ಟಿದ ಹೆಸರಿನ ಬಗ್ಗೆ. ದಾರಿ ಎಂದರೆ ವಾಲ್ವು. ರೇಡಿಯೋದ ಬೆನ್ನಿನ ರಟ್ಟು ತೆಗೆದರೆ ಸಾಲಾಗಿ ನಿಂತಿರುತ್ತಿದ್ದ ಆ ಗಾಜಿನ ಬುರುಡೆಗಳು. ದನಿಗೂ ಹೆಸರಿಗೂ ಎಂಥ ನಂಟು ಎಂದು ಕೇಳುತ್ತೀರೇನೋ. ರೇಡಿಯೋದ ದನಿಗೆ ಮುಖವಿಲ್ಲ, ಸೀರೆಯಿಲ್ಲ, ಕುಂಕುಮವಿಲ್ಲ. ಅದಕ್ಕೆ ಇರುವ ಗುರುತು ಹೆಸರೊಂದೇ.

ಮೊದಲು ಈ ವಾಲ್ವಿನ ಕೆಲಸ ತಿಳಿದುಕೊಳ್ಳೋಣ, ಕಷ್ಟದ್ದೇನಲ್ಲ. ಗಾಜಿನ ಬುರುಡೆಯೊಳಗಿನ ಗಾಳಿಯನ್ನೆಲ್ಲ ಎಳೆದು ತೆಗೆದು ಬಾಯಿ ಮುಚ್ಚಿರುತ್ತಾರೆ. ಒಳಗೆ ಒಂದು ಸಣ್ಣ ತಂತಿ ಕಾಯುತ್ತದೆ. ಕುದಿಯುವ ನೀರಿನಿಂದ ಆವಿ ಏಳುವ ಹಾಗೆ ಕಾದ ಲೋಹದಿಂದ ಎಲೆಕ್ಟ್ರಾನುಗಳು ಏಳುತ್ತವೆ. ಎದುರಿಗೆ ಒಂದು ತಗಡು ಅವನ್ನು ತನ್ನ ಕಡೆ ಸೆಳೆದುಕೊಳ್ಳುತ್ತದೆ. ಹೀಗೆ ವಿದ್ಯುತ್ತು ಒಂದೇ ದಿಕ್ಕಿಗೆ ಹರಿಯುತ್ತದೆ, ತಿರುಗಿ ಬರುವುದಿಲ್ಲ. ೧೯೦೪ರಲ್ಲಿ ಇಂಗ್ಲೆಂಡಿನ ಫ್ಲೆಮಿಂಗ್ ಇದನ್ನು ಮಾಡಿದಾಗ ಆ ಒಮ್ಮುಖ ಹರಿವಿನಿಂದಲೇ ಅದಕ್ಕೆ ‘ವಾಲ್ವ್’ ಎಂಬ ಹೆಸರು ಬಂತು. ಎರಡು ಮೂರು ವರ್ಷದೊಳಗೆ ಅಮೆರಿಕದ ಡಿ ಫಾರೆಸ್ಟ್ ತಂತಿಗೂ ತಗಡಿಗೂ ನಡುವೆ ಒಂದು ಜಾಲರಿ ಇಟ್ಟ. ಮುಖ್ಯವಾದದ್ದು ಈ ಜಾಲರಿಯೇ. ಕಾಲುವೆಯ ತೂಬಿನ ಬಾಗಿಲನ್ನು ಒಬ್ಬ ಮನುಷ್ಯ ಒಂದೇ ಕೈಯಲ್ಲಿ ತುಸು ತಿರುಗಿಸಿದರೆ ಹಿಂದೆ ನಿಂತ ನೀರೆಲ್ಲ ಅವನ ಕೈಯ ಅಳತೆಗೆ ತಕ್ಕಂತೆ ಹೊರಬೀಳುವುದಿಲ್ಲವೇ? ಹಾಗೆಯೇ ಜಾಲರಿಯ ಮೇಲೆ ಬಿದ್ದ ಒಂದು ಕ್ಷೀಣವಾದ ಕಂಪನ ಹಿಂದಿರುವ ದೊಡ್ಡ ಪ್ರವಾಹವನ್ನು ತನ್ನ ಲಯಕ್ಕೆ ಕುಣಿಸುತ್ತದೆ. ಸಣ್ಣ ದನಿ ದೊಡ್ಡದಾಗುತ್ತದೆ. ಪಿಸುಮಾತು ಪಡಸಾಲೆ ತುಂಬುತ್ತದೆ.

ಶಾಲೆಯ ಪುಸ್ತಕ ಇದನ್ನು ‘ನಿರ್ವಾತ ನಳಿಕೆ’ ಎಂದಿತು, ಅಮೆರಿಕದವರು ‘ಟ್ಯೂಬ್’ ಎಂದರು, ನಮ್ಮ ಕಡೆಯ ರಿಪೇರಿಯವರು ಕೊನೆಯವರೆಗೂ ‘ವಾಲು’ ಎಂದೇ ಅಂದರು. ಬುರುಡೆಯ ಮೇಲೆ ಅಚ್ಚಾದ ಹೆಸರು ಮಾತ್ರ ಬೇರೆ. ಕರೆಂಟು ಬರುವ ಮೊದಲಿನ ಹಳ್ಳಿಯ ಬ್ಯಾಟರಿ ಸೆಟ್ಟುಗಳಲ್ಲಿ ‘ಡಿಎಲ್ ೯೬’ ಎಂಬೊಂದು ಇರುತ್ತಿತ್ತು. ಯುರೋಪಿನ ಕಂಪನಿಗಳು ಒಪ್ಪಿಕೊಂಡ ಪದ್ಧತಿಯ ಪ್ರಕಾರ ‘ಡಿ’ ಎಂದರೆ ಇದರ ತಂತಿ ೧.೪ ವೋಲ್ಟಿನ ಬ್ಯಾಟರಿಯಲ್ಲಿ ಕಾಯುತ್ತದೆ ಎಂದು. ‘ಎಲ್’ ಎಂದರೆ ಕೊನೆಗೆ ನಿಂತು ದನಿಯನ್ನು ಸ್ಪೀಕರಿಗೆ ತಳ್ಳುವ ಕೆಲಸದ್ದು ಎಂದು. ‘೯’ ಎಂದರೆ ಇಷ್ಟು ಕಾಲಿನ ಇಂಥ ಪೀಠದ ಮೇಲೆ ಕೂರುತ್ತದೆ ಎಂದು. ಕರೆಂಟಿನ ಸೆಟ್ಟಿನಲ್ಲಿದ್ದ ‘ಇಸಿಸಿ ೮೩’ಕ್ಕೂ ಹೀಗೆಯೇ: ‘ಇ’ ಎಂದರೆ ೬.೩ ವೋಲ್ಟು, ಎರಡು ‘ಸಿ’ ಎಂದರೆ ಒಂದೇ ಬುರುಡೆಯಲ್ಲಿ ಎರಡು ಜಾಲರಿ-ವಾಲ್ವುಗಳು. ಯಾವ ಬೆಂಕಿಯಿಂದ ಬಂದದ್ದು, ಏನು ಕಸುಬು, ಎಲ್ಲಿ ಕೂರುವುದು, ಎಲ್ಲವೂ ಹೆಸರಿನಲ್ಲೇ ಇದೆ. ನಮ್ಮಲ್ಲಿ ಹೆಸರು ಕೇಳಿ ಕುಲ, ಊರು, ಕಸುಬು ಲೆಕ್ಕಹಾಕುವ ಹಿರಿಯರಿದ್ದರಲ್ಲ, ಅವರು ಈ ಪದ್ಧತಿಯನ್ನು ಕಂಡಿದ್ದರೆ ಭಲೇ ಎನ್ನುತ್ತಿದ್ದರು. ಗಾಜಿನ ಬುರುಡೆಗೆ ಇದರಿಂದ ನೋವಿಲ್ಲ. ಮನುಷ್ಯರಿಗೆ, ಅದರಲ್ಲೂ ಹಾಡುವ ಹೆಣ್ಣುಮಕ್ಕಳಿಗೆ, ಹೆಸರಿನ ಈ ಲೆಕ್ಕಾಚಾರ ಎಷ್ಟು ತುಟ್ಟಿಯಾಯಿತು ಎಂಬುದನ್ನು ನೋಡಬೇಕು.

ವಾಲ್ವು ಬರುವ ಮೊದಲು ಧ್ವನಿಮುದ್ರಣ ನಡೆಯುತ್ತಿದ್ದದ್ದು ತುತ್ತೂರಿಯ ಮುಂದೆ. ದೊಡ್ಡ ಕೊಳವೆಯೊಳಗೆ ಮುಖವಿಟ್ಟು ಗಂಟಲು ಹರಿಯುವಂತೆ ಹಾಡಬೇಕು. ಆ ಶಕ್ತಿಯಿಂದಲೇ ಸೂಜಿ ಮೇಣದ ಮೇಲೆ ಗೆರೆ ಕೊರೆಯಬೇಕು. ೧೯೦೨ರಲ್ಲಿ ಗ್ರಾಮಾಫೋನ್ ಕಂಪನಿಯ ಗೈಸ್‌ಬರ್ಗ್ ಕಲಕತ್ತೆಗೆ ಬಂದಾಗ ಹಾಗೆ ಹಾಡಿದ ಮೊದಲಿಗರ ಸಾಲಿನಲ್ಲಿ ಗೌಹರ್ ಜಾನ್ ಇದ್ದರು. ಮೂರು ನಿಮಿಷದ ಹಾಡು ಮುಗಿಯುತ್ತಲೇ ಆಕೆ ಇಂಗ್ಲಿಷಿನಲ್ಲಿ ತನ್ನ ಹೆಸರು ಸಾರುತ್ತಾರೆ. ತಟ್ಟೆಗಳು ಅಚ್ಚಾಗುತ್ತಿದ್ದದ್ದು ಜರ್ಮನಿಯ ಹ್ಯಾನೋವರಿನಲ್ಲಿ. ಅಲ್ಲಿಯ ಕೆಲಸಗಾರರಿಗೆ ಯಾವ ತಟ್ಟೆಗೆ ಯಾವ ಚೀಟಿ ಅಂಟಿಸಬೇಕೆಂದು ತಿಳಿಯಲಿ ಎಂದು ಈ ಏರ್ಪಾಟು ಎನ್ನುತ್ತಾರೆ. ಉದ್ದೇಶ ಏನೇ ಇರಲಿ, ಒಬ್ಬ ಹೆಂಗಸು ತನ್ನ ಹೆಸರನ್ನು ತಾನೇ, ಯಾರ ಅಪ್ಪಣೆಯೂ ಇಲ್ಲದೆ, ಎದೆ ತಟ್ಟಿ ಹೇಳುವ ಆ ಕ್ಷಣ ನನಗೆ ಹಾಡಿನಷ್ಟೇ ಮುಖ್ಯವೆನಿಸುತ್ತದೆ.

ಆ ಹೆಸರಾದರೂ ಎಲ್ಲಿಯದು? ೧೮೭೩ರಲ್ಲಿ ಆಜಂಗಢದಲ್ಲಿ ಹುಟ್ಟಿದಾಗ ಆಕೆ ಏಂಜಲೀನಾ ಯೋವರ್ಡ್. ತಂದೆ ಅರ್ಮೇನಿಯಾ ಮೂಲದವರು. ತಂದೆತಾಯಿ ಬೇರೆಯಾದರು, ತಾಯಿ ವಿಕ್ಟೋರಿಯಾ ಮತ ಬದಲಿಸಿ ಮಲ್ಕಾ ಜಾನ್ ಆದರು, ಮಗಳು ಗೌಹರ್ ಜಾನ್ ಆದಳು. ತಂದೆಯ ಹೆಸರು ಕಳಚಿತು, ತಾಯಿಯ ಹೆಸರಿನ ‘ಜಾನ್’ ಮಗಳಿಗೆ ಬಂತು. ಕೊನೆಗಾಲದಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಆಸ್ಥಾನಕ್ಕೆ ಬಂದ ಗೌಹರ್ ಜಾನ್ ೧೯೩೦ರ ಜನವರಿಯಲ್ಲಿ ಮೈಸೂರಿನಲ್ಲೇ ತೀರಿಕೊಂಡರು. ದೇಶಕ್ಕೆಲ್ಲ ಹೆಸರು ಸಾರಿದ ಗಂಟಲು ನಮ್ಮ ನಾಡಿನ ಮಣ್ಣಿನಲ್ಲಿ ಸುಮ್ಮನಾಯಿತು.

೧೯೨೫ರ ಹೊತ್ತಿಗೆ ಧ್ವನಿಮುದ್ರಣಕ್ಕೆ ಮೈಕು ಮತ್ತು ವಾಲ್ವು ಬಂದವು. ತುತ್ತೂರಿ ಹೋಯಿತು. ಇನ್ನು ಕಿರುಚುವ ಅಗತ್ಯವಿಲ್ಲ. ತುತ್ತೂರಿಗೆ ಕೇಳದೇ ಹೋಗುತ್ತಿದ್ದ ತಗ್ಗಿನ ಸ್ವರಗಳೂ, ಉಸಿರಿನ ಎಳೆಯೂ ತಟ್ಟೆಗೆ ಇಳಿಯತೊಡಗಿದವು. ಸರಿಯಾಗಿ ಈ ಕಾಲಕ್ಕೆ, ೧೯೩೦ರ ದಶಕದ ಆರಂಭದಲ್ಲಿ, ಹುಬ್ಬಳ್ಳಿಯ ಒಬ್ಬ ತರುಣಿಯ ಹಾಡುಗಳು ಎಚ್.ಎಂ.ವಿ. ತಟ್ಟೆಗಳಲ್ಲಿ ಬಂದವು. ತಟ್ಟೆಯ ಮೇಲಿನ ಹೆಸರು ಗಾಂಧಾರಿ. ಹುಟ್ಟಿದ್ದು ೧೯೧೩ರ ಮಾರ್ಚ್ ೫ರಂದು ಧಾರವಾಡದಲ್ಲಿ. ತಾಯಿ ಅಂಬಾಬಾಯಿ ಕರ್ನಾಟಕ ಸಂಗೀತದ ಗಾಯಕಿ, ಅಜ್ಜಿ ಕಮಲಾಬಾಯಿಯೂ ಹಾಡುವವರು.

ಗಾಂಧಾರಿ! ಎಂಥ ಹೆಸರು ನೋಡಿ. ಕುರುಡ ಗಂಡನಿಗಾಗಿ ತಾನೂ ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ರಾಣಿಯ ಹೆಸರು ಎಂದು ನಮಗೆ ಥಟ್ಟನೆ ಹೊಳೆಯುತ್ತದೆ. ಆದರೆ ಹಾಡುವ ಮನೆಯಲ್ಲಿ ಅದಕ್ಕೆ ಇನ್ನೊಂದು ಕಿವಿಯಿದೆ. ಗಾಂಧಾರವೆಂದರೆ ಏಳು ಸ್ವರಗಳಲ್ಲಿ ಮೂರನೆಯದು. ಆಮೇಲೆ ಗಾಂಧಾರಿ ಹಿಂದೆ ಸರಿದಳು, ಗಂಗೂಬಾಯಿ ಮುಂದೆ ಬಂದರು. ಕಂಪನಿಯ ಹೆಸರನ್ನೂ ಒಮ್ಮೆ ಕನ್ನಡಿಸಿ ನೋಡಿ: ‘ಹಿಸ್ ಮಾಸ್ಟರ್ಸ್ ವಾಯ್ಸ್’, ತನ್ನ ಒಡೆಯನ ದನಿ. ನಾಯಿ ತಲೆ ವಾಲಿಸಿ ಒಡೆಯನ ದನಿ ಕೇಳುತ್ತ ಕೂತ ಚಿತ್ರದ ಕೆಳಗೆ ಒಡೆಯನೇ ಇಲ್ಲದ ಎಷ್ಟೊಂದು ಹೆಣ್ಣುದನಿಗಳು ಅಚ್ಚಾದವು!

ಹಾಗೆ ಅಚ್ಚಾದ ಹೆಸರುಗಳನ್ನು ಒಂದು ಸಾಲಿನಲ್ಲಿ ಇಟ್ಟರೆ ಒಂದು ವಿಷಯ ಸ್ಪಷ್ಟವಾಗುತ್ತದೆ. ಬೆಂಗಳೂರು ನಾಗರತ್ನಮ್ಮನವರ ಮುಂದೆ ಊರು ಇದೆ. ಹುಟ್ಟಿದ್ದು ನಂಜನಗೂಡಿನಲ್ಲಿ, ಹೆಸರು ಮಾಡಿದ್ದು ಬೆಂಗಳೂರಿನದು. ತಿರುವಯ್ಯಾರಿನಲ್ಲಿ ತ್ಯಾಗರಾಜರ ಸಮಾಧಿಗೆ ಗುಡಿ ಕಟ್ಟಿಸಿದ ಪುಣ್ಯಾತ್ಮೆ ಇವರೇ. ಎಂ.ಎಸ್. ಸುಬ್ಬುಲಕ್ಷ್ಮಿಯವರ ‘ಎಂ’ ಎಂದರೆ ಮದುರೆ, ‘ಎಸ್’ ಎಂದರೆ ವೀಣೆ ನುಡಿಸುತ್ತಿದ್ದ ತಾಯಿ ಷಣ್ಮುಖವಡಿವು. ಬೀಳಗಿಯ ಅಕ್ಕತಂಗಿಯರು ಗೌಹರಬಾಯಿ ಮತ್ತು ಅಮೀರಬಾಯಿ ಮುಂಬಯಿಯ ನಾಟಕ, ಸಿನೆಮಾಗಳಿಗೆ ಹೋಗಿ ‘ಕರ್ನಾಟಕಿ’ ಎಂದಾದರು. ಕರ್ನಾಟಕ ರಾಜ್ಯವೇ ಹುಟ್ಟದ ಕಾಲದಲ್ಲಿ ಅದನ್ನು ಅಡ್ಡಹೆಸರು ಮಾಡಿಕೊಂಡು ತಿರುಗಿದವರು ಈ ಇಬ್ಬರು ಹೆಣ್ಣುಮಕ್ಕಳು. ಅಬ್ದುಲ್ ಕರೀಂ ಖಾನರಿಂದ ಬೇರೆಯಾದ ತಾರಾಬಾಯಿ ಮಾನೆ ತಮ್ಮ ಮಕ್ಕಳ ಹೆಸರನ್ನೇ ಬದಲಿಸಿದರು. ಅಬ್ದುಲ್ ರೆಹಮಾನ್ ಸುರೇಶಬಾಬು ಮಾನೆ ಆದ, ಚಂಪಾಕಲಿ ಹೀರಾಬಾಯಿ ಬಡೋದೇಕರ್ ಆದಳು, ಸಕೀನಾ ಸರಸ್ವತಿ ಆದಳು. ತಂದೆಯ ಹೆಸರು ಬರಬೇಕಾದ ಜಾಗದಲ್ಲಿ ಊರು, ಇಲ್ಲವೇ ತಾಯಿ. ತಂದೆಯ ಹೆಸರು ಕೊಡದ ಸಮಾಜ ಇದನ್ನು ಕೊರತೆ ಎಂದು ಕಂಡಿತು. ಆದರೆ ಆ ಖಾಲಿ ಜಾಗದಲ್ಲಿ ಇವರು ಕಟ್ಟಿದ್ದನ್ನು ನೋಡಿದರೆ, ಮರ್ಯಾದಸ್ಥ ಮನೆಯ ಎಷ್ಟು ಹೆಂಗಸರ ಹೆಸರು ಇಷ್ಟು ಸ್ವಂತವಾಗಿತ್ತು ಎಂದು ಕೇಳಬೇಕಾಗುತ್ತದೆ.

ರೇಡಿಯೋ ಈ ಹೆಸರುಗಳನ್ನು ಸುಮ್ಮನೆ ಒಳಗೆ ಬಿಡಲಿಲ್ಲ. ‘ಆಕಾಶವಾಣಿ’ ಎಂಬ ಚೆಂದದ ಹೆಸರು ಹುಟ್ಟಿದ್ದು ನಮ್ಮ ಮೈಸೂರಿನಲ್ಲಿ. ೧೯೩೫ರಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿಯವರು ತಮ್ಮ ಮನೆಯಲ್ಲೇ ಪುಟ್ಟ ಪ್ರಸಾರ ಕೇಂದ್ರ ಶುರುಮಾಡಿದರು, ನಾ. ಕಸ್ತೂರಿಯವರು ಸೂಚಿಸಿದ ಹೆಸರು ಅದು ಎನ್ನುತ್ತಾರೆ. ಮುಂದೆ ಇಡೀ ದೇಶದ ರೇಡಿಯೋಗೆ ಅದೇ ಹೆಸರಾಯಿತು. ಪುರಾಣದ ಆಕಾಶವಾಣಿ ಅಶರೀರವಾಣಿ, ದೇಹವಿಲ್ಲದ ದನಿ. ಅದರ ಕುಲ ಕೇಳಿದವರಿಲ್ಲ. ದೇಶದ ರೇಡಿಯೋ ಮಾತ್ರ ಕೇಳಿತು. ಸ್ವಾತಂತ್ರ್ಯದ ಹೊಸ್ತಿಲಲ್ಲಿ, ಸರ್ದಾರ್ ಪಟೇಲರು ಪ್ರಸಾರ ಖಾತೆ ನೋಡುತ್ತಿದ್ದಾಗ, ಖಾಸಗಿ ಬದುಕಿನ ಬಗ್ಗೆ ಅಪವಾದವಿರುವ ಕಲಾವಿದರಿಗೆ ಬಾಗಿಲು ಮುಚ್ಚಬೇಕೆಂದಾಯಿತು. ಬಾಗಿಲು ಮುಚ್ಚಿದ್ದು ಯಾರಿಗೆಂದು ಹೇಳಬೇಕಾಗಿಲ್ಲ. ಹೆಸರಿನ ಕೊನೆಯ ‘ಜಾನ್’, ‘ಬಾಯಿ’ಗಳು ಅನುಮಾನಕ್ಕೆ ಈಡಾದವು. ಎಷ್ಟೋ ಜನ ‘ದೇವಿ’, ‘ಬೇಗಂ’ ಆದರು. ಅಖ್ತರಿಬಾಯಿ ಫೈಜಾಬಾದಿ ೧೯೪೫ರಲ್ಲಿ ಬ್ಯಾರಿಸ್ಟರರನ್ನು ಮದುವೆಯಾಗಿ ಕೆಲವು ವರ್ಷ ಹಾಡುವುದನ್ನೇ ನಿಲ್ಲಿಸಿದರು. ೧೯೪೯ರಲ್ಲಿ ಲಖನೌ ರೇಡಿಯೋಗೆ ಮರಳಿ ಬಂದರು, ಬೇಗಂ ಅಖ್ತರ್ ಎಂಬ ಹೆಸರಿನಲ್ಲೇ ಪ್ರಸಿದ್ಧರಾದರು. ಹಾಡು ಅದೇ, ಗಂಟಲು ಅದೇ. ಗಾಜಿನ ಬುರುಡೆಯ ಜಾಲರಿ ಎಲ್ಲ ದನಿಯನ್ನೂ ಸಮನಾಗಿ ಹಿಗ್ಗಿಸುತ್ತಿತ್ತು. ಸೋಸುವ ಇನ್ನೊಂದು ಜಾಲರಿಯನ್ನು ಮನುಷ್ಯರು ಸ್ಟುಡಿಯೋದ ಬಾಗಿಲಲ್ಲಿ ಇಟ್ಟಿದ್ದರು.

ನಮ್ಮ ಗಂಗೂಬಾಯಿಯವರ ‘ಬಾಯಿ’ ಹಾಗೇ ಉಳಿಯಿತು. ಧಾರವಾಡ-ಹುಬ್ಬಳ್ಳಿ ಕಡೆ ಲಕ್ಷ್ಮೀಬಾಯಿ, ರುಕ್ಮಾಬಾಯಿ ಎಂದು ಗೃಹಿಣಿಯರಿಗೂ ಹೆಸರಿದ್ದದ್ದು ಒಂದು ಅನುಕೂಲವಾಗಿರಬಹುದು. ಹೆಚ್ಚಿನ ಕಾರಣ ಅವರ ಹಾಡಿಕೆಯೇ ಎಂದು ನನ್ನ ನಂಬಿಕೆ. ಅವರು ಠುಮರಿಯನ್ನು ಬದಿಗಿಟ್ಟು ಖ್ಯಾಲನ್ನೇ ಹಿಡಿದರು. ಹುಬ್ಬಳ್ಳಿಯಿಂದ ಕುಂದಗೋಳಕ್ಕೆ ರೈಲಿನಲ್ಲಿ ಹೋಗಿಬಂದು ಸವಾಯಿ ಗಂಧರ್ವರಲ್ಲಿ ಕಲಿತ ವಿದ್ಯೆ ಅದು. ಒಂದೇ ಸ್ವರಸಮೂಹವನ್ನು ದಿನಗಟ್ಟಲೆ ತಿದ್ದಿಸುವ ಗುರು. ಆದ್ದರಿಂದಲೇ ಇವರ ಭೈರವ, ತೋಡಿ, ಮಾರ್ವಾ ಕೇಳುವಾಗ ಅವಸರ ಕಾಣುವುದಿಲ್ಲ. ಲೆಕ್ಕದ ಹೆಣ್ಣುಮಗಳು ಡಬ್ಬಿಯಿಂದ ಸಕ್ಕರೆ ತೆಗೆಯುವ ಹಾಗೆ ಒಂದೊಂದೇ ಸ್ವರ ಹೊರಗೆ ಬರುತ್ತದೆ. ಬಂದ ಸ್ವರ ಮಾತ್ರ ಅಲುಗುವುದಿಲ್ಲ.

ಮೊದಲ ಕಾಲದ ತಟ್ಟೆಗಳಲ್ಲಿ ಅವರ ದನಿ ಏರು ಶ್ರುತಿಯದು, ತೆಳುವಾದದ್ದು. ಟಾನ್ಸಿಲಿನ ಚಿಕಿತ್ಸೆಯ ನಂತರ ಅದು ಇಳಿಯಿತು, ದಪ್ಪವಾಯಿತು. ಇನ್ನೊಬ್ಬರಾಗಿದ್ದರೆ ಹಾಡಿಕೆ ಮುಗಿಯಿತೆಂದು ತಂಬೂರಿಗೆ ಗವಸು ಹಾಕುತ್ತಿದ್ದರೇನೋ. ಇವರು ಹೊಸ ದನಿಗೆ ತಕ್ಕ ಹಾದಿ ಹುಡುಕಿದರು. ನಮ್ಮ ಮನೆಯಲ್ಲಿ ಅಜ್ಜಿ ಪ್ರತಿ ಸಲವೂ ಒಂದೇ ಮಾತು ಆಡುತ್ತಿದ್ದಳು: “ಯಾರವಾ ಇಂವ, ಇಷ್ಟ ಗಟ್ಟಿ ಹಾಡಾಕ ಹತ್ಯಾನು?” ಹಾಡು ಮುಗಿದು ನಿರೂಪಕರು ಹೆಸರು ಹೇಳಿದ ಮೇಲೆ, “ಅಯ್ಯ ಶಿವನ, ಇಕಿ ನಮ್ಮ ಹಾನಗಲ್ಲಿನಾಕಿ!” ಎನ್ನುತ್ತಿದ್ದಳು. ಹೆಸರು ಬಂದೇ ಆ ದನಿ ಹೆಣ್ಣಾಗಬೇಕು. ನಿರೂಪಕರು ಹೆಸರು ಹೇಳುವುದನ್ನು ಮರೆತಿದ್ದರೆ ಎಷ್ಟೋ ಮನೆಗಳಲ್ಲಿ ಆಕೆ ಗಂಡಸಾಗಿಯೇ ಉಳಿಯುತ್ತಿದ್ದರು.

ಇಲ್ಲಿ ನಮ್ಮ ಸಂಗೀತ ವಿಮರ್ಶಕರ ಬಗ್ಗೆ ನನ್ನದೊಂದು ತಕರಾರಿದೆ. ಗಂಗೂಬಾಯಿಯವರನ್ನು ಹೊಗಳುವಾಗ ‘ಗಂಡುದನಿ’, ‘ಪುರುಷಸಹಜ ಗಾಂಭೀರ್ಯ’ ಎಂಬ ಮಾತು ಬಾರದೆ ಹೋಗುವುದು ಅಪರೂಪ. ಹೊಗಳಿಕೆಯೇನೋ ನಿಜ. ಆದರೆ ಗಾಂಭೀರ್ಯ ಯಾವಾಗ ಗಂಡಸರ ಸೊತ್ತಾಯಿತು? ಅವರ ಗುರು ಸವಾಯಿ ಗಂಧರ್ವರು, ಅಂದರೆ ರಾಮಭಾವು ಕುಂದಗೋಳಕರ್, ನಾಟಕದಲ್ಲಿ ಹೆಣ್ಣುಪಾತ್ರ ಮಾಡಿ ಹಾಡಿ ಕೀರ್ತಿ ಪಡೆದವರು. ಆ ಬಿರುದು ಬಂದದ್ದೂ ರಂಗಭೂಮಿಯಿಂದಲೇ. ಅವರನ್ನು ಯಾರೂ ‘ಸ್ತ್ರೀಸಹಜ ಮಾಧುರ್ಯದ ಗಾಯಕ’ ಎಂದು ಕರೆದು ಅಲ್ಲಿಗೇ ನಿಲ್ಲಿಸಲಿಲ್ಲ. ಸೀರೆಯುಟ್ಟು ಹಾಡಿದ ಗಂಡಸಿಗೆ ಗಂಧರ್ವ ಪದವಿ, ತನ್ನದೇ ದನಿಯಲ್ಲಿ ಹಾಡಿದ ಹೆಂಗಸಿಗೆ ಗಂಡಸಿನ ಹೋಲಿಕೆ. ನಾವು ಹೆಂಗಸರು ಒಲೆಯ ಮುಂದೆ, ತೊಟ್ಟಿಲ ಬಳಿ, ಹೆಣದ ಮುಂದೆ ಎಷ್ಟು ಬಗೆಯ ದನಿಯಲ್ಲಿ ಮಾತಾಡುತ್ತೇವೆ ಎಂದು ಕಿವಿಗೊಟ್ಟವರಿಗೆ ತಗ್ಗಿನ ದನಿ ಹೆಣ್ಣಿನದೇ ಎಂದು ತಿಳಿದಿರುತ್ತದೆ. ಕೋಗಿಲೆ ಒಂದೇ ಹಕ್ಕಿಯೇ ಕಾಡಿನಲ್ಲಿ?

ಆ ಕಾಲದಲ್ಲಿ ಮನೆಯೊಳಗಿನ ಹೆಸರುಗಳ ಕಥೆ ಹೇಗಿತ್ತು ನೋಡಿ. ರೇಡಿಯೋಗೆ ಅಂಚೆಕಚೇರಿಯ ಲೈಸೆನ್ಸು ಬೇಕಿತ್ತು. ೧೯೮೦ರ ದಶಕದಲ್ಲಿ ಅದು ರದ್ದಾಗುವವರೆಗೂ ಆ ಪುಸ್ತಕದ ಮೇಲೆ ಮನೆಯ ಯಜಮಾನರ ಹೆಸರೇ ಸಾಮಾನ್ಯವಾಗಿರುತ್ತಿತ್ತು. ಗಂಡನ ಹೆಸರನ್ನು ಹೆಂಡತಿ ಬಾಯಿಬಿಟ್ಟು ಹೇಳುವ ಹಾಗಿರಲಿಲ್ಲ. ಹಬ್ಬ ಮದುವೆಗಳಲ್ಲಿ ಒಡಪು ಕಟ್ಟಿ, ಪ್ರಾಸದ ನಡುವೆ ಹೆಸರನ್ನು ಹುದುಗಿಸಿ ಹೇಳಬೇಕು. ಹೆಂಡತಿಯ ಹೆಸರನ್ನು ಗಂಡನೂ ಕರೆಯುತ್ತಿರಲಿಲ್ಲ. ‘ಇವಳೇ’ ಎಂದರೆ ಮುಗಿಯಿತು. ಕೆಲವು ಮನೆತನಗಳಲ್ಲಂತೂ ಮದುವೆಯ ದಿನ ತಟ್ಟೆಯಲ್ಲಿ ಅಕ್ಕಿ ಹರಡಿ, ಉಂಗುರದಿಂದ ಹೊಸ ಹೆಸರು ಬರೆದು, ತವರಿನ ಹೆಸರನ್ನೇ ತೆಗೆದುಬಿಡುವ ಪದ್ಧತಿ. ಅಕ್ಕಿಯ ಮೇಲಿನ ಅಕ್ಷರ ಕೈಯಾಡಿಸಿದರೆ ಅಳಿಸುತ್ತದೆ. ಆ ಹೆಸರು ಮಾತ್ರ ಸಾಯುವ ತನಕ.

ನಮ್ಮ ಓಣಿಯಲ್ಲಿ ಹಾಗೆ ಹೆಸರು ಬದಲಾದ ಒಬ್ಬಾಕೆ ಇದ್ದಳು. ಕೋರಿಕೆಯ ಚಿತ್ರಗೀತೆಗೆ ಒಮ್ಮೆ ಗುಟ್ಟಾಗಿ ಪೋಸ್ಟ್‌ಕಾರ್ಡು ಬರೆದಳಂತೆ. ಹಾಕಿದ್ದು ತವರಿನ ಹೆಸರು, ಊರು ಮಳಗಿ. ಕೆಲವು ವಾರದ ಮೇಲೆ ರೇಡಿಯೋ ಆ ಹೆಸರನ್ನು ಸ್ಪಷ್ಟವಾಗಿ ಓದಿತು. ಪಡಸಾಲೆಯಲ್ಲಿ ಕೂತ ಮಾವ, ಮೈದುನರು ಈ ಹೆಸರಿನವಳು ನಮ್ಮೂರಿನಲ್ಲಿ ಯಾರಿದ್ದಾಳೆ ಎಂದು ಓಣಿಯ ಮನೆಗಳನ್ನೆಲ್ಲ ಎಣಿಸಿದರು, ಸಿಗಲಿಲ್ಲ. ಒಳಗೆ ಆಕೆ ಚಪಾತಿ ಲಟ್ಟಿಸುತ್ತಿದ್ದಳು. ಎಷ್ಟೋ ವರ್ಷದ ಮೇಲೆ ನನ್ನ ತಾಯಿಯೊಡನೆ ಇದನ್ನು ಹೇಳಿ, “ಹಾಡ ಯಾವುದು ಹಾಕಿದ್ರೋ ನೆನಪಿಲ್ಲರೀ ವೈನಿ, ಹೆಸರ ಕೇಳಿಸ್ತು” ಎಂದಳಂತೆ. ದೊಡ್ಡ ಗಾಯಕಿಯರ ಹೆಸರಿನ ಇತಿಹಾಸ ಬರೆಯುವವರು ಈ ಮಾತನ್ನೂ ಅದರ ಪಕ್ಕದಲ್ಲಿ ಇಡಬೇಕು. ಗಂಗೂಬಾಯಿ ಹಾನಗಲ್ ಎಂಬ ಘೋಷಣೆ ಹಾಡುಗಾರ್ತಿಯೊಬ್ಬಳ ಪರಿಚಯವಷ್ಟೇ ಆಗಿರಲಿಲ್ಲ. ಹೆಂಗಸಿನ ಹೆಸರು ಹೀಗೂ ಇರಬಹುದು ಎಂಬ ಸುದ್ದಿಯೂ ಆಗಿತ್ತು.

ಹೆಸರು ಎಂದರೆ ತಂದೆ, ಗಂಡ, ಕುಲ ಎಂದೇ ಲೋಕವೆಲ್ಲ ನಡೆದಿದೆ ಎಂದುಕೊಳ್ಳಬೇಕಿಲ್ಲ. ೧೯೬೬ರಲ್ಲಿ ಮುಂಡಗೋಡಿಗೆ ಬಂದು ನೆಲೆಸಿದ ಟಿಬೆಟಿಯನ್ನರಲ್ಲಿ ಮಗುವಿಗೆ ಲಾಮಾಗಳಿಂದ ಹೆಸರಿಡಿಸುವುದು ರೂಢಿ. ಹುಟ್ಟಿದ ವಾರದ ಮೇಲೂ ಹೆಸರಿಡುತ್ತಾರೆ. ಆದಿತ್ಯವಾರ ನೀಮಾ, ಸೋಮವಾರ ದಾವಾ, ಶುಕ್ರವಾರ ಪಾಸಾಂಗ್. ದಲಾಯಿ ಲಾಮಾ ಅವರ ಹೆಸರಿನ ‘ತೆಂಜಿನ್’ ಎಷ್ಟೋ ಮಕ್ಕಳಿಗಿದೆ. ಈ ಹೆಸರುಗಳು ಗಂಡಿಗೂ ಆದೀತು, ಹೆಣ್ಣಿಗೂ ಆದೀತು. ಮನೆತನದ ಹೆಸರು ಸಾಮಾನ್ಯರಲ್ಲಿ ಇರುವುದಿಲ್ಲ. ಸಂತೆಯಲ್ಲಿ ಅವರೊಡನೆ ವ್ಯಾಪಾರ ಮಾಡಿದ ನಮ್ಮ ಹೆಂಗಸರು ಮೊದಮೊದಲು “ಪಾಸಾಂಗ್ ಅಂದ್ರ ನಿನ್ನ ಹೆಸರೋ, ನಿನ್ನ ಗಂಡಂದೋ?” ಎಂದು ಕೇಳುತ್ತಿದ್ದರು. ಪ್ರಶ್ನೆಯಲ್ಲೇ ನಮ್ಮ ರೂಢಿ ಕೂತಿತ್ತು.

ಈಗ ವಾಲ್ವಿಗೆ ಮತ್ತೆ ಬೆಲೆ ಬಂದಿದೆ. ಬೆಂಗಳೂರಿನ ಜಾಲಹಳ್ಳಿಯಲ್ಲಿ ಭಾರತ್ ಎಲೆಕ್ಟ್ರಾನಿಕ್ಸ್ ಸಂಸ್ಥೆ ಒಂದು ಕಾಲಕ್ಕೆ ರೇಡಿಯೋ ವಾಲ್ವುಗಳನ್ನು ತಯಾರಿಸುತ್ತಿತ್ತು. ಟ್ರಾನ್ಸಿಸ್ಟರು ಬಂದು ಅವನ್ನೆಲ್ಲ ಮೂಲೆಗೆ ತಳ್ಳಿತು. ಗುಜರಿಗೆ ಹೋದ ಆ ಬುರುಡೆಗಳನ್ನು ಉಳ್ಳವರು ಈಗ ಸಾವಿರಾರು ರೂಪಾಯಿ ಕೊಟ್ಟು ಹುಡುಕುತ್ತಾರೆ. ಅದರ ದನಿ ಬೆಚ್ಚಗಿರುತ್ತದೆ ಎನ್ನುತ್ತಾರೆ. ಸುಳ್ಳಲ್ಲ. ವಾಲ್ವು ದನಿಯನ್ನು ಹಿಗ್ಗ���ಸುವಾಗ ತನ್ನದೂ ಒಂದಿಷ್ಟು ಬೆರೆಸುತ್ತದೆ. ಕೆಲವು ಬಗೆಯ ವಾಲ್ವು ಯಂತ್ರಗಳಲ್ಲಿ ಆ ಬೆರಕೆಯೊಳಗೆ ಮೂಲಸ್ವರದ ಇಮ್ಮಡಿ ಕಂಪನ, ಅಂದರೆ ಮೇಲಿನ ಸ್ಥಾಯಿಯ ಅದೇ ಸ್ವರ, ಹೆಚ್ಚಾಗಿರುತ್ತದೆ. ಷಡ್ಜಕ್ಕೆ ಮೇಲಿನ ಷಡ್ಜ ಸೇರಿದರೆ ಕಿವಿಗೆ ಹಿತವೇ. ಆದರೆ ಈ ಹವ್ಯಾಸಿಗಳ ಮಾತು ಕೇಳುತ್ತ ಕೂತರೆ ಯಂತ್ರದ ಹೆಸರೇ ಹೆಸರು: ಇದು ‘ಇಎಲ್ ೮೪’, ಅದು ಹಾಲೆಂಡಿನದು, ಇನ್ನೊಂದು ಇಂಥ ವರ್ಷದ್ದು. ಹಾಡುವ ಹೆಂಗಸು ಯಾರು, ಆಕೆಯ ಹೆಸರು ಯಾಕೆ ಹಾಗಿದೆ ಎಂದು ಕೇಳುವವರು ಕಡಿಮೆ. ಗಾಜಿನ ಕುಲಗೋತ್ರ ಬಲ್ಲವರಿಗೆ ಗಂಟಲಿನ ಕುಲಗೋತ್ರ ಬೇಡವಾಗಿದೆ.

ಇನ್ನೊಂದು ವಿಚಿತ್ರವನ್ನೂ ಹೇಳಿಬಿಡಬೇಕು. ಗಂಗೂಬಾಯಿಯವರಿಗೆ ೧೯೭೧ರಲ್ಲಿ ಪದ್ಮಭೂಷಣ, ೨೦೦೨ರಲ್ಲಿ ಪದ್ಮವಿಭೂಷಣ ಬಂದವು. ೨೦೦೯ರ ಜುಲೈ ೨೧ರಂದು ಅವರು ತೀರಿಕೊಂಡರು. ಅವರ ಹೆಸರನ್ನು ದೊಡ್ಡ ದೊಡ್ಡ ಕಡೆ ಇಟ್ಟದ್ದೂ ಆಗಿದೆ, ಒಳ್ಳೆಯದೇ. ಆದರೆ ಇಂಗ್ಲಿಷಿನಲ್ಲಿ ಬರೆಯುವಾಗ ಅಲ್ಲಲ್ಲಿ ಒಂದು ಅಕ್ಷರ ಹೆಚ್ಚಿಗೆ ಸೇರಿ ‘ಬಾಯಿ’ ಹೋಗಿ ‘ಭಾಯಿ’ ಆಗಿರುವುದನ್ನು ಕಾಣುತ್ತೇವೆ. ಹಿಂದಿಯಲ್ಲಿ ಭಾಯಿ ಎಂದರೆ ಅಣ್ಣತಮ್ಮ. ದನಿ ಕೇಳಿ ಗಂಡಸೆಂದವರಿಗೆ ಹೆಸರು ಹೇಳಿ ತಿದ್ದಬಹುದಿತ್ತು. ಹೆಸರನ್ನೇ ಗಂಡಾಗಿಸಿದರೆ ಏನು ಹೇಳಿ ತಿದ್ದುವುದು? ಇದು ಬರಿಯ ಕಾಗುಣಿತದ ಮಾತು ಎನ್ನುವವರು ತಮ್ಮ ಹೆಸರನ್ನು ರೇಷನ್ ಕಾರ್ಡಿನಲ್ಲಿ ತಪ್ಪಾಗಿ ಕಂಡಾಗ ಎಷ್ಟು ಓಡಾಡುತ್ತಾರೆ ನೆನಪಿಸಿಕೊಳ್ಳಲಿ.

ಗಂಗೂಬಾಯಿಯವರು ಮದುವೆಯಾದದ್ದು ವಕೀಲ ಗುರುರಾವ್ ಕೌಲಗಿಯವರನ್ನು. ಹೆಸರು ಮಾತ್ರ ಕೌಲಗಿ ಆಗಲಿಲ್ಲ. ಮಗಳು ಕೃಷ್ಣಾ ತಾಯಿಯ ಹಿಂದೆ ಕೂತು ದನಿಗೂಡಿಸುತ್ತ ದೊಡ್ಡ ಗಾಯಕಿಯಾದವರು, ಅವರೂ ಕೃಷ್ಣಾ ಹಾನಗಲ್ ಎಂದೇ ಆದರು. ಗಂಡುಮಕ್ಕಳೂ ಹಾನಗಲ್ ಎಂದೇ ಬರೆದುಕೊಂಡರು. ಹೀಗೆ ಒಂದು ಊರಿನ ಹೆಸರು ತಾಯಿಯ ಮೂಲಕ ಮನೆತನದ ಹೆಸರಾಯಿತು. ಅಕ್ಕಿಯ ಮೇಲೆ ಯಾರೂ ಬರೆಯದ, ಯಾವ ಯಜಮಾನನ ಲೈಸೆನ್ಸಿನಲ್ಲೂ ಇಲ್ಲದ ಹೆಸರು ಅದು. ಪೀಠ, ಕಸುಬು, ಬೆಂಕಿ ಮೂರನ್ನೂ ಆಕೆಯೇ ಆರಿಸಿಕೊಂಡರು. ಗಾಂಧಾರಿಯ ಕಣ್ಣಿನ ಬಟ್ಟೆ ಬಿಚ್ಚಿಟ್ಟು ಬಂದ ಹೆಸರನ್ನು ಉಚ್ಚರಿಸುವಾಗ, ಬರೆಯುವಾಗ ನಾವು ಒಂದು ಅಕ್ಷರವನ್ನೂ ಕೂಡಿಸಬಾರದು, ಕಳೆಯಲೂಬಾರದು.